ಬೆಂಕಿಗುಡ್ಡ ನೋಡಲು ಹೋದ ದಿನ ಎಮ್ಮೆಗೆ ಬೇನೆ ಬಂತು

ಬಾಲಿಗೆ ಹೋಗಿ ಬಂದವಳು ಅಂತ ನಮ್ಮೂರಲ್ಲಿ ನನ್ನನ್ನು ನಿಲ್ಲಿಸಿ ಕೇಳುವವರು ಬಹಳ. ಬೆಂಕಿ ಉಗುಳುವ ಗುಡ್ಡ ಹೇಗಿತ್ತು, ಕೆರೆ ಎಷ್ಟು ದೊಡ್ಡದು, ವಿಮಾನದಲ್ಲಿ ಹೊಟ್ಟೆ ತೊಳಸಿತೋ ಇಲ್ಲವೋ. ಕೇಳಿದ್ದಕ್ಕೆಲ್ಲ ಉತ್ತರ ಕೊಡುತ್ತೇನೆ. ಆದರೆ ಆ ದಿನ ನಾನು ಹೆಚ್ಚು ಹೊತ್ತು ನೋಡಿದ್ದು ನಮ್ಮ ಎಮ್ಮೆಯ ಹಿಂಭಾಗವನ್ನು, ಅದೂ ಅಂಗೈ ಅಗಲದ ಫೋನಿನಲ್ಲಿ.

ಸಿರುಗುಪ್ಪದಲ್ಲಿ ನನ್ನ ತಮ್ಮನಿಗೆ ಬೀಜ ಗೊಬ್ಬರದ ಅಂಗಡಿ ಇದೆ. ಅವನೇ ನನ್ನ ಅಳಿಯ ಕೂಡ; ನನ್ನ ಹಿರಿ ಮಗಳನ್ನು ಅವನಿಗೇ ಕೊಟ್ಟಿದ್ದೇನೆ. ಬೆಳೆಗೆ ಹೊಡೆಯುವ ಎಣ್ಣೆ ಔಷಧ ಹೆಚ್ಚು ಮಾರಿದ ಅಂಗಡಿಯವರನ್ನು ಕಂಪನಿಯವರು ವರ್ಷಕ್ಕೊಮ್ಮೆ ಹೊರದೇಶ ತಿರುಗಿಸುತ್ತಾರೆ. ಒಬ್ಬೊಬ್ಬರಿಗೆ ಎರಡು ಟಿಕೆಟ್. ನನ್ನ ಮಗಳು ಸಿರುಗುಪ್ಪದಿಂದ ತೆಕ್ಕಲಕೋಟೆಗೆ ಬಸ್ಸಿನಲ್ಲಿ ಹೋಗುವಷ್ಟರಲ್ಲಿ ಎರಡು ಸಲ ವಾಂತಿ ಮಾಡುವವಳು. "ನಾ ಒಲ್ಲೆ, ಅವ್ವನ್ನ ಕರಕೊಂಡು ಹೋಗು" ಅಂದಳು. ನಾನು ಬೇಡ ಅನ್ನಲಿಲ್ಲ. ಮಂತ್ರಾಲಯ, ಶ್ರೀಶೈಲ ಬಿಟ್ಟರೆ ಎಲ್ಲಿಗೂ ಹೋದವಳಲ್ಲ ನಾನು. ಬಳ್ಳಾರಿಗೆ ಹೋಗಿ ಪಾಸ್‌ಪೋರ್ಟಿಗೆ ಫೋಟೊ ತೆಗೆಸಿ, ಹೆಬ್ಬೆಟ್ಟು ಬೇಡ ಅಂತ ಹೇಳಿ, ಒಂದೊಂದೇ ಅಕ್ಷರ ಕೂಡಿಸಿ ನನ್ನ ಹೆಸರು ಬರೆದು ಬಂದೆ.

ಮನೆಯಲ್ಲಿ ಎಮ್ಮೆ ಗಬ್ಬ ಇತ್ತು. ಚೊಚ್ಚಲು. ಅದನ್ನು ಕರುವಾಗಿದ್ದಾಗಿಂದ ಸಾಕಿದವಳು ನಾನು. ಎಮ್ಮೆಗೆ ಹತ್ತು ತಿಂಗಳು ಹತ್ತು ದಿನ. ವೈಶಾಖದ ಹುಣ್ಣಿಮೆ ಹೊತ್ತಿಗೆ ಕೋಣಕ್ಕೆ ಬಿಟ್ಟಿದ್ದೆ. ಬೆರಳ ಗೆಣ್ಣಿನ ಮೇಲೆ ತಿಂಗಳ ಹೆಸರು ಹೇಳಿಕೊಂಡು ಎಣಿಸಿದರೆ ಹೋಳಿ ಹುಣ್ಣಿಮೆ ಆದ ಮೇಲೆ ಈಯಬೇಕು. ನಾವು ಹೊರಟಿದ್ದು ಶಿವರಾತ್ರಿಗೂ ಮುಂಚೆ, ನಾಲ್ಕು ದಿನದ ಮಟ್ಟಿಗೆ. ಬೇಕಾದಷ್ಟು ಹೊತ್ತಿದೆ ಅಂದುಕೊಂಡೆ.

ಆದರೆ ಹೊರಡುವ ಬೆಳಿಗ್ಗೆ ಮೇವು ಹಾಕಲು ಹೋದಾಗ ಕಂಡಿತು. ಕೆಚ್ಚಲು ಬಿಗಿದಿತ್ತು. ಬಾಲದ ಬುಡದ ಎರಡೂ ಕಡೆ ಬೆರಳು ಇಟ್ಟರೆ ಒಳಗೆ ಇಳಿಯುತ್ತಿತ್ತು. ಈಯುವ ದಿನ ಹತ್ತಿರ ಬಂತು ಅನ್ನುವ ಗುರುತು, ನನಗೆ ಗೊತ್ತಾಗದ್ದಲ್ಲ ಅದು. ಹೊರಗೆ ತಮ್ಮನ ಕಾರು ಹಾರ್ನ್ ಹೊಡೆಯುತ್ತಿತ್ತು. ನಾನು ಕೈ ತೊಳೆದುಕೊಂಡು, ಸೀರೆ ಸರಿಮಾಡಿಕೊಂಡು ಹೋಗಿ ಕೂತೆ. ಸೊಸೆಗೆ, "ಇನ್ನೂ ತಿಂಗಳು ಐತಿ, ಏನೂ ಆಗಂಗಿಲ್ಲ" ಅಂದೆ. ಯಾಕೆ ಹಾಗಂದೆ ಅಂದರೆ, ನನಗೆ ಹೋಗಬೇಕಿತ್ತು. ಅಷ್ಟೇ.

ಸೊಸೆ ಬಳ್ಳಾರಿ ಪೇಟೆಯಲ್ಲಿ ಬೆಳೆದವಳು. ಬಂದು ನಾಲ್ಕು ವರ್ಷವಾದರೂ ಅವಳನ್ನು ನಾನು ಎಮ್ಮೆಯ ಹತ್ತಿರ ಬಿಟ್ಟಿರಲಿಲ್ಲ. ಸೆಗಣಿ ಬಾಚಿದರೆ ಅರ್ಧ ಬಿಟ್ಟಿದ್ದೀ ಅಂತ ಬೈಯುತ್ತಿದ್ದೆ, ಮೈ ತೊಳೆದರೆ ನೀರು ಸಾಲದು ಅಂತ. "ನಿನ್ನ ಕೈ ವಾಸನಿ ಅದಕ್ಕ ಹಿಡಿಸಂಗಿಲ್ಲ" ಅಂತಲೂ ಒಮ್ಮೆ ಅಂದಿದ್ದೆ. ಮಗ ಆ ವಾರ ಮೆಣಸಿನಕಾಯಿ ಲೋಡಿನ ಜೊತೆ ಬ್ಯಾಡಗಿಗೆ ಹೋಗಿದ್ದ. ಮನೆಯಲ್ಲಿ ಅವಳೊಬ್ಬಳೇ.

ವಿಮಾನದಲ್ಲಿ ಒಂದು ಒಣ ಬನ್ನು ಕೊಟ್ಟರು. ತಮ್ಮ ಅದನ್ನು ಕಚ್ಚಿ, "ಅಕ್ಕ, ಅಧಿಕ ಮಾಸದಾಗ ನೀ ಮೂವತ್ಮೂರು ಹೋಳಿಗಿ ಬಾಗಿನ ಕೊಟ್ಟಿದ್ದೆಲ್ಲ, ಅದರಾಗ ಎರಡು ಈಗ ಇದ್ದಿದ್ರ ಹೆಂಗಿರತಿತ್ತು" ಅಂದ.

ನನ್ನ ಕೈಯಲ್ಲಿದ್ದ ಬನ್ನು ಅಲ್ಲೇ ನಿಂತಿತು. ಆ ವರ್ಷ ಶ್ರಾವಣ ಎರಡು ಬಂದಿತ್ತು. ಅಧಿಕ ಮಾಸದಲ್ಲಿ ಮದುವೆ ಮುಂಜಿ ಏನೂ ಮಾಡುವುದಿಲ್ಲ, ಅಳಿಯನಿಗೆ ಬಾಗಿನ ಕೊಡುವುದೊಂದು ಬಿಟ್ಟರೆ ಆ ತಿಂಗಳು ನಮ್ಮ ಲೆಕ್ಕಕ್ಕೇ ಇಲ್ಲ. ನಾನು ಗೆಣ್ಣು ಎಣಿಸುವಾಗಲೂ ಅದನ್ನು ಬಿಟ್ಟೇ ಎಣಿಸಿದ್ದೆ. ಎಮ್ಮೆ ಬಿಟ್ಟಿರಲಿಲ್ಲ.

"ಲೇ, ವಿಮಾನ ಎಲ್ಲ್ಯರ ನಿಲ್ಲತೈತೇನು ನಡುವ?" ಅಂದೆ.

"ನಮ್ಮ ಹಗರಿ ಹೊಳಿ ಬ್ರಿಜ್ಜಿನ ಹತ್ರ ಒಂದು ಸ್ಟಾಪ್ ಐತಿ, ಇಳಿಯಾಕಿ ಏನು?" ಅಂತ ನಕ್ಕ.

ಮೊದಲ ಎರಡು ದಿನ ಸಮುದ್ರ ತೋರಿಸಿದರು, ಕೋತಿ ತೋರಿಸಿದರು. ನಾನು ಹೊತ್ತುಹೊತ್ತಿಗೆ ಫೋನ್ ಹಚ್ಚಿಸಿ, ಮೇವು ತಿಂತೇನು, ಬಾಲ ಎತ್ತಿದೆಯೇನು ಅಂತ ಕೇಳುತ್ತಿದ್ದೆ. ತಮ್ಮ ಬೇಸತ್ತು, "ಕೋತಿ ನೋಡಕ್ಕ" ಅನ್ನುತ್ತಿದ್ದ. ಕೋತಿ ನಮ್ಮ ಕುರುಗೋಡು ಗುಡ್ಡದ ಮೇಲೂ ಇವೆ.

ಮೂರನೆಯ ದಿನ ಬೆಂಕಿಗುಡ್ಡಕ್ಕೆ. ಬೆಳಿಗ್ಗೆ ಬೇಗ ಬಸ್ಸು ಹತ್ತಿಸಿದರು. ಮೂವತ್ತು ಜನ, ಎಲ್ಲ ಅಂಗಡಿಯವರು, ಅವರ ಹೆಂಡಂದಿರು, ಮುಂದಿನ ಸೀಟಿನಲ್ಲಿ ಕಂಪನಿಯ ಸಾಹೇಬ. ಗೈಡು ಅಲ್ಲಿಯವನೇ, ನಲವತ್ತು ಇರಬಹುದು. ತಲೆಗೆ ಬಟ್ಟೆ ಕಟ್ಟಿ, ಕಿವಿಯ ಮೇಲೆ ಹೂವು ಸಿಕ್ಕಿಸಿಕೊಂಡಿದ್ದ. ನಮ್ಮ ಕಡೆಯವರು ಬಂದು ಬಂದು ಅವನಿಗೆ ಹಿಂದಿ ಕಲಿಸಿದ್ದಾರೆ. ನನ್ನನ್ನು ಅಮ್ಮಾಜಿ ಅನ್ನುತ್ತಿದ್ದ. ಬಳ್ಳಾರಿ ಸಂತೆಯ ನನ್ನ ಉರ್ದು ಅವನಿಗೆ ತಿಳಿಯುತ್ತಿತ್ತು, ಅವನದು ನನಗೆ. ಕೈಯಲ್ಲಿ ಒಂದು ಹಳದಿ ಛತ್ರಿ. ಅದನ್ನು ಎತ್ತಿದರೆ ನಾವು ಏಳಬೇಕು, ಇಳಿಸಿದರೆ ನಿಲ್ಲಬೇಕು. ಕುರಿ ಹೊಡೆಯುವವನಿಗೂ ಅಷ್ಟು ಶಿಸ್ತು ಇರುವುದಿಲ್ಲ.

ಬಸ್ಸು ಗುಡ್ಡ ಹತ್ತುವಾಗ ಫೋನ್ ಬಂತು. ಅಲ್ಲಿ ನಮಗಿಂತ ಎರಡೂವರೆ ತಾಸು ಮುಂದೆ. ನಮ್ಮೂರಲ್ಲಿ ಆಗಿನ್ನೂ ಹೊತ್ತು ಹುಟ್ಟುವ ಸಮಯ.

"ಅತ್ತೀ, ಎಮ್ಮಿ ಏಳಾದು ಕೂಡಾದು ಮಾಡಾಕತ್ತೈತ್ರಿ. ನೀರು ಹೋತು. ಒಂದು ಕಾಲು ಕಾಣಾಕತ್ತೈತಿ."

"ಒಂದ?"

"ಒಂದ ರೀ."

"ಮೂಗು ಕಾಣತೈತೇನು? ಕಾಲಿನ ಮ್ಯಾಲೆ ಮೂಗು ಇರಬೇಕು ನೋಡು."

"ಯಾವುದು ಮೂಗು, ಯಾವುದು ಏನು, ನನಗ ತಿಳಿವಲ್ದು. ಡಾಕ್ಟ್ರಿಗೆ ಫೋನ್ ಮಾಡಿದ್ದೆ, ದೂರದ ಊರಾಗ ಅದಾರಂತ. ಬರಾಕ ಎರಡು ತಾಸು ಅಂದ್ರು. ಎದುರುಮನಿ ತಾತ ಬಂದಾರ, ಹಗ್ಗ ತಂದಾರ…"

"ಎಳೀಬ್ಯಾಡ! ಅವನ ಕೈಯಾಗ ಹಗ್ಗ—"

ಫೋನ್ ಸತ್ತಿತು. ಕಿಟಕಿಯ ಹೊರಗೆ ಬಿಳಿ ಮಂಜು. ಬಸ್ಸಿನೊಳಗೆ ಗೈಡು ಮೈಕು ಹಿಡಿದು ಗುಡ್ಡದ ಹೊಟ್ಟೆಯಲ್ಲಿ ಇನ್ನೂ ಬೆಂಕಿ ಇದೆ ಅಂತ ಹೇಳುತ್ತಿದ್ದ.

ಕರು ಸರಿಯಾಗಿ ಬಂದರೆ ಮುಂದಿನ ಎರಡು ಕಾಲು, ಅವುಗಳ ಮೇಲೆ ಮೂಗು, ಈಜಲು ಜಿಗಿಯುವ ಹಾಗೆ ಬರುತ್ತದೆ. ಒಂದೇ ಕಾಲು ಬಂದಿದೆ ಅಂದರೆ ಇನ್ನೊಂದು ಒಳಗೆ ಮಡಚಿಕೊಂಡಿದೆ. ಹಾಗಿರುವಾಗ ಹಗ್ಗ ಹಾಕಿ ಎಳೆದರೆ ಎಮ್ಮೆಯ ಗರ್ಭಚೀಲ ಹರಿಯುತ್ತದೆ. ಕರುವೂ ಇಲ್ಲ, ಎಮ್ಮೆಯೂ ಇಲ್ಲ. ಎದುರುಮನೆಯವನು ಕೆಟ್ಟವನಲ್ಲ, ಆದರೆ ಎಲ್ಲದಕ್ಕೂ ಎಳೆಯುವುದೇ ಅವನಿಗೆ ಗೊತ್ತು. ಅವನ ಅಂಗೈ ಸಲಿಕೆಯಷ್ಟು ಅಗಲ. ನಮ್ಮ ಓಣಿಯಲ್ಲಿ ಇಂಥ ಕರು ಬಂದರೆ ಕರೆಯುವುದು ನನ್ನನ್ನು. ನಾನು ಬಾಲಿಯಲ್ಲಿದ್ದೆ.

ಮೇಲೆ ಒಂದು ಕಂಬಿಯ ಕಟಾಂಜನದ ಹತ್ತಿರ ಇಳಿಸಿದರು. ಎದುರಿಗೆ ಗುಡ್ಡ, ಕೆಳಗೆ ಕೆರೆ ಇದೆಯಂತೆ. ಮಂಜಿನಲ್ಲಿ ಏನೂ ಕಾಣಲಿಲ್ಲ. ಜನ ಮಂಜಿಗೇ ಬೆನ್ನು ಕೊಟ್ಟು ಫೋಟೊ ತೆಗೆಸಿಕೊಂಡರು. ನಾನು ತಮ್ಮನ ಹಿಂದೆ ಬಿದ್ದೆ. ಅವನು ಫೋನ್ ಎತ್ತಿ ಎತ್ತಿ ಹಿಡಿದ, ಒಂದು ಗೆರೆ ಬರುವುದು, ಹೋಗುವುದು. ಒಮ್ಮೆ ಹತ್ತಿತು, "ಅತ್ತೀ" ಅನ್ನುವಷ್ಟು ಕೇಳಿ ಮತ್ತೆ ಹೋಯಿತು. ಅಷ್ಟರಲ್ಲಿ ಹಳದಿ ಛತ್ರಿ ಎದ್ದಿತು. ಇನ್ನು ಕೆಳಗೆ ಕೆರೆಯ ದಂಡೆಗೆ ಹೋಗುವುದು, ಅಲ್ಲಿ ಬಿಸಿನೀರಿನ ಸ್ನಾನ.

"ಕೆಳಗ ಸಿಗ್ನಲ್ ಸಿಗತೈತೇನು ಕೇಳು" ಅಂದೆ.

ತಮ್ಮ ಕೇಳಿ ಬಂದ. "ಗುಂಡಿ ಇದ್ದಂಗ ಐತಂತ. ಇಲ್ಲಿಗಿಂತ ಕಡಿಮಿ."

"ಹಂಗಾದ್ರ ನಾ ಬರಂಗಿಲ್ಲ."

ಬಸ್ಸಿನ ಬಾಗಿಲ ಮೆಟ್ಟಿಲ ಮೇಲೆ ಕೂತುಬಿಟ್ಟೆ. ಹತ್ತಿದವರು ಒಳಗೆ, ಹತ್ತದವರು ಹೊರಗೆ. ತಮ್ಮನ ಮುಖ ಹಣ್ಣು ಮೆಣಸಿನಕಾಯಿಯ ಬಣ್ಣಕ್ಕೆ ತಿರುಗಿತು.

"ಅಕ್ಕ, ಮ್ಯಾಲೇಳು. ಸಾಹೇಬ್ರು ನೋಡಾಕತ್ಯಾರ."

"ನೋಡ್ಲಿ. ಅವರ ಅವ್ವನೂ ಅವರನ್ನ ಹಡದೇ ಹಡದಾಳ, ಮುಗಿಲಿಂದ ಉದುರಿಲ್ಲ."

"ಒಂದು ಎಮ್ಮಿ ಸಲುವಾಗಿ ಮೂವತ್ತು ಮಂದೀನ ನಿಲ್ಲಸ್ತಿಯೇನು?"

"ನಿನ್ನ ಸಲುವಾಗಿ ನಮ್ಮವ್ವ ಎರಡು ದಿನ ಇಡೀ ಓಣಿ ನಿಲ್ಸಿದ್ಲು. ನೀನೂ ಅಡ್ಡ ಬಂದಿದ್ದಿ. ನಾ ನೋಡೀನಿ."

ಯಾರೋ ಹೆಂಗಸು ಸೆರಗಿನಲ್ಲಿ ನಕ್ಕಳು. ಗೈಡು ಬಂದು ನನ್ನ ಮುಂದೆ ಕುಕ್ಕರುಗಾಲಲ್ಲಿ ಕೂತ. ಏನಾಯಿತು ಅಮ್ಮಾಜಿ, ಮೈಯಲ್ಲಿ ಹುಷಾರಿಲ್ಲವೇ ಅಂತ ಕೇಳಿದ.

"ಭೈಂಸ್" ಅಂದೆ. "ಬಚ್ಚಾ. ಏಕ್ ಪಾಂವ್ ಬಾಹರ್, ಏಕ್ ಅಂದರ್."

ಅವನು ನಗಲಿಲ್ಲ. ಛತ್ರಿ ಕೆಳಗಿಟ್ಟ. ತನ್ನ ಎರಡೂ ಕೈ ಮುಂದೆ ಚಾಚಿ, ಬಲಗೈಯನ್ನು ಮಣಿಕಟ್ಟಿನಲ್ಲಿ ಒಳಕ್ಕೆ ಮಡಚಿ ತೋರಿಸಿದ. ಹೀಗಾ? ಹೂಂ ಅಂದೆ. ಅವನ ಅಪ್ಪನ ಮನೆಯಲ್ಲಿ ಆಕಳು ಇದ್ದವಂತೆ. ಅವನು ಎದ್ದು ಎಲ್ಲರಿಗೂ ಕೇಳುವ ಹಾಗೆ ಇಂಗ್ಲಿಷಿನಲ್ಲಿ ಏನೋ ಹೇಳಿದ. ತಮ್ಮ ನನಗೆ ತಿಳಿಸಿದ. ಮೊದಲು ಇಲ್ಲೇ ಮೇಲಿನ ಹೋಟೆಲಿನಲ್ಲಿ ಊಟ, ಆಮೇಲೆ ಕೆರೆ. ಊಟ ಅಂದ ಕೂಡಲೇ ಮೂವತ್ತು ಜನರ ತಕರಾರೂ ಮುಗಿಯಿತು. ಗೈಡು ತನ್ನ ಫೋನಿನ ನೆಟ್ಟನ್ನು ನಮ್ಮ ಫೋನಿಗೆ ಕೊಟ್ಟ. ಹೋಟೆಲಿನ ಹಿಂದಿನ ಜಗಲಿಯ ಒಂದು ಮೂಲೆಯಲ್ಲಿ ಅದು ಹಿಡಿಯುತ್ತಿತ್ತು. ಸಣ್ಣ ಮಳೆ ಶುರುವಾಗಿತ್ತು. ಅವನು ನನ್ನ ತಲೆಯ ಮೇಲೆ ಹಳದಿ ಛತ್ರಿ ಹಿಡಿದು ನಿಂತ.

ಫೋನಿನಲ್ಲಿ ಮೊದಲು ಕಂಡದ್ದು ಎದುರುಮನೆಯವನ ಕೈಯಲ್ಲಿದ್ದ ಹಗ್ಗ. ಅದರ ಇನ್ನೊಂದು ತುದಿ ಕರುವಿನ ಕಾಲಿಗೆ ಆಗಲೇ ಬಿದ್ದಿತ್ತು.

"ಅಣ್ಣಾ, ಎಳದೇನು?"

"ಇನ್ನೂ ಇಲ್ಲವಾ. ಈಗ ಎಳೀತೀನಿ. ಈ ಹುಡಿಗಿ ಬಿಡವಲ್ಲಳು, ಹಗ್ಗದ ಮ್ಯಾಲೆ ನಿಂತಾಳ."

ನೋಡಿದೆ. ಹೌದು, ನನ್ನ ಸೊಸೆ ಎರಡೂ ಕಾಲಿನಿಂದ ಹಗ್ಗವನ್ನು ತುಳಿದುಕೊಂಡು ನಿಂತಿದ್ದಳು. ಹಿರಿಯರ ಎದುರು ಧ್ವನಿ ಎತ್ತುವವಳಲ್ಲ ಅವಳು.

"ಅತ್ತಿ ಎಳೀಬ್ಯಾಡ ಅಂದಾರ" ಅಂದಳು ಅವನಿಗೆ. ಅದನ್ನು ಎಷ್ಟು ಸಲ ಅಂದಿದ್ದಳೋ, ಗಂಟಲು ಕಟ್ಟಿತ್ತು.

ಅವನ ಕೈ ಖಾಲಿ ಬಿಟ್ಟರೆ ಕಷ್ಟ ಅಂತ ನನಗೆ ತಿಳಿಯಿತು. "ಅಣ್ಣಾ, ಹಗ್ಗ ಬಿಡು. ನೀ ಫೋನ್ ಹಿಡಿ. ನಿನ್ನ ಬಿಟ್ರ ಇಷ್ಟು ಗಟ್ಟಿ ಹಿಡಿಯೋರು ಯಾರದಾರ?" ಅಂದೆ. ಅವನು ಫೋನ್ ತೆಗೆದುಕೊಂಡ. ಅವನ ಮೂಗಿನ ಹೊಳ್ಳೆ ಕಂಡಿತು, ಆಮೇಲೆ ಕೊಟ್ಟಿಗೆಯ ತಗಡು, ಆಮೇಲೆ ಮತ್ತೆ ಮೂಗು.

"ನನ್ನ ಕಡಿ ಬ್ಯಾಡ, ಎಮ್ಮಿ ಕಡಿ ತಿರುಗ್ಸು!"

"ನೀ ಎಲ್ಲಿ ಅದೀಯವಾ? ಹಿಂದ ಎಲ್ಲಾ ಹೊಗಿ ಐತಲ್ಲ."

"ಬೆಂಕಿಗುಡ್ಡದ ಮ್ಯಾಲೆ ಅದೀನಿ. ತಿರುಗ್ಸು."

ಎಮ್ಮೆ ಮಲಗಿತ್ತು. ಕಣ್ಣು ಬೆಳ್ಳಗಾಗಿತ್ತು. ಇನ್ನು ಒಳಗೆ ಕೈ ಹಾಕಬೇಕು. ಹಾಕಬೇಕಾದವಳು ಸೊಸೆ. ಅವಳ ಕೈ ಸಣ್ಣದು, ಅದೊಂದೇ ನಮಗಿದ್ದ ಅನುಕೂಲ.

"ಬಳಿ ತೆಗಿ" ಅಂದೆ.

ಅವಳು ತನ್ನ ಕೈಯನ್ನೇ ನೋಡಿಕೊಂಡಳು. ಅವಳ ಮೊಣಕೈವರೆಗೆ ಹಸಿರು ಗಾಜಿನ ಬಳೆ. ಹಿಂದಿನ ವಾರ ಅವಳ ತವರಿನವರು ಇಡಿಸಿದ್ದು. ಬಳೆಗಾರ ಹಿಸುಕಿ ಹಿಸುಕಿ ಹಾಕಿದ ಬಳೆ, ಹಾಗೆಲ್ಲ ಬರುವಂಥವಲ್ಲ.

"ಎಡಗೈವು ಇರ್ಲಿ. ಬಲಗೈವು ತೆಗಿ. ಮೊಣಕೈತನ ಎಣ್ಣಿ ಹಚ್ಕೋ, ತಾವ ಜಾರತಾವು."

ಅವಳು ಕೊಬ್ಬರಿ ಎಣ್ಣೆಯ ಡಬ್ಬಿ ತಂದು ಸುರಿದುಕೊಂಡಳು. ಒಂದೊಂದೇ ಬಳೆ ಬಂತು. ಕೊನೆಯವು ಎರಡು ಒಡೆದವು. ಅವಳು ಅಳತೊಡಗಿದಳು.

"ಅತ್ತೀ, ಬಳಿ ಒಡದ್ವು. ಅವರು ದಾರ್ಯಾಗ ಅದಾರ, ಅವರಿಗೇನರ…"

"ನಿನ್ನ ಗಂಡ ಬ್ಯಾಡಗ್ಯಾಗ ಚೀಲದ ಮ್ಯಾಲೆ ಬಿದ್ದು ಗೊರಕಿ ಹೊಡಿಯಾಕತ್ತಾನ. ಅವನಿಗೇನು ಆಗಂಗಿಲ್ಲ. ಗಾಜು ಗೀಜು ಕೈಗಿ ಅಂಟಿದ್ರ ನೋಡಿಕೊಂಡು ತೊಳಕೊ. ಸೋಪು ಹಚ್ಚು. ಮತ್ತ ಎಣ್ಣಿ ಹಚ್ಚು."

ಗೈಡಿನ ಹಿಂದೆ ಈಗ ಜನ ನಿಂತಿದ್ದರು. ತಟ್ಟೆ ಹಿಡಿದುಕೊಂಡೇ ಬಂದಿದ್ದರು. ಒಬ್ಬ ತೆಲುಗಿನಲ್ಲಿ, ಎಳೆದುಬಿಡಿ, ನಮ್ಮಲ್ಲಿ ಎಳೆಯುತ್ತೇವೆ ಅಂದ. ಅವನ ಹೆಂಡತಿ ಅವನ ತಟ್ಟೆಯಲ್ಲಿದ್ದ ಹಪ್ಪಳವನ್ನೇ ಅವನ ಬಾಯಿಗೆ ತುರುಕಿದಳು.

"ಈಗ ಬೆರಳು ಕೂಡಿಸು. ಬಳಿ ಇಡಿಸಿಕೊಳ್ಳುವಾಗ ಕೈ ಹೆಂಗ ಚೂಪು ಮಾಡ್ತಿ, ಹಂಗ. ಎಮ್ಮಿ ತಿಣುಕುವಾಗ ತಡಿ. ಬಿಟ್ಟಾಗ ಒಳಗ ಹಾಕು. ಕಾಣೋ ಕಾಲು ಹಿಡಿದುಕೊಂಡು ಎದಿತನ ಹೋಗು."

"ಬಿಸಿ ಐತ್ರಿ" ಅಂದಳು. ಆಮೇಲೆ, "ಮೂಗು ಸಿಕ್ತು. ಅತ್ತೀ, ಬಾಯಿ ಆಡಿಸ್ತು! ನನ್ನ ಬೆರಳು ಚೀಪ್ತು!"

ಕರು ಬದುಕಿತ್ತು. ಜಗಲಿಯ ಕಟಾಂಜನ ಹಿಡಿದುಕೊಂಡೆ.

"ಈಗ ಎದಿ ಮ್ಯಾಲೆ ಅಂಗೈ ಇಟ್ಟು ಹಿಂದಕ್ಕ ನೂಕು. ಮೆಲ್ಲಕ. ಜಾಗ ಆಗಬೇಕು. ಆತೇನು? ಈಗ ಇನ್ನೊಂದು ಕಾಲು ಹುಡುಕು. ಮೊಣಕಾಲು ಸಿಗತೈತಿ, ಅದರ ಕೆಳಗ ಇಳಿ. ಗೊರಸು ಸಿಕ್ತೇನು? ಗೊರಸನ್ನ ಅಂಗೈಯಾಗ ಮುಚ್ಚಿಕೋ, ಪೂರ್ತಿ ಮುಚ್ಚಿಕೋ, ಚೂಪು ಒಳಗ ತಾಗಬಾರದು. ಬಟ್ಟಲದಾಗ ತತ್ತಿ ಇಟ್ಟಂಗ. ಹಂಗ ಮ್ಯಾಲಕ್ಕ ತಾ."

ಹೇಳುತ್ತ ಹೇಳುತ್ತ ನನ್ನ ಬಲಗೈ ತಾನಾಗಿ ಮೇಲೆದ್ದು, ಗಾಳಿಯಲ್ಲಿ ಗೊರಸು ಮುಚ್ಚಿಕೊಂಡು ನಿಂತಿತ್ತು. ಗೈಡಿನ ಛತ್ರಿ ಹಿಡಿಯದ ಕೈಯೂ ಹಾಗೇ ನಿಂತಿತ್ತು. ಫೋನಿನಲ್ಲಿ ಅವಳ ಬೆನ್ನು ಮಾತ್ರ ಕಾಣುತ್ತಿತ್ತು. ಎಮ್ಮೆ ತಿಣುಕಿತು, ಅವಳು ಕೂಗಿದಳು. ಒಳಗೆ ಸಿಕ್ಕ ಕೈಯನ್ನು ಎಮ್ಮೆ ಹಿಂಡಿದರೆ ಮೂಳೆ ಮುರಿದ ಹಾಗೆ ಆಗುತ್ತದೆ. ನನಗೆ ಗೊತ್ತು.

"ತೆಗೀಬ್ಯಾಡ. ಬಿಡೋತನ ತಡಿ."

"ತಡದೀನಿ" ಅಂದಳು, ಹಲ್ಲು ಕಚ್ಚಿಕೊಂಡು. ಅಷ್ಟರಲ್ಲಿ ಫೋನು ನಿಂತಲ್ಲೇ ನಿಂತಿತು; ಅವಳ ಬೆನ್ನು, ಒಂದು ಚಿತ್ರದ ಹಾಗೆ. ನೆಟ್ಟು ಹೋಗಿತ್ತು.

ಎಷ್ಟು ಹೊತ್ತೋ. ಗೈಡು ಜಗಲಿಯ ಆ ತುದಿಗೆ ಓಡಿದ, ಈ ತುದಿಗೆ ಓಡಿದ, ಛತ್ರಿ ಎಲ್ಲೋ ಬಿತ್ತು. ತಮ್ಮ ಕುರ್ಚಿಯ ಮೇಲೆ ನಿಂತು ಫೋನ್ ಎತ್ತಿ ಹಿಡಿದ. ಸಾಹೇಬ ತನ್ನ ಫೋನನ್ನೂ ತಂದು ಕೊಟ್ಟ. ನಾನು ಆ ಜಗಲಿಯ ಮೇಲೆ ಎಷ್ಟು ಸಲ ತಿರುಗಿದೆನೋ ತಿಳಿಯದು. ಕಾಲು ನಿಲ್ಲಲಿಲ್ಲ. ಕೆಚ್ಚಲು ಬಿಗಿದಿದ್ದು ನೋಡಿಯೂ ಕೈ ತೊಳೆದುಕೊಂಡೆನಲ್ಲ, ಅದೇ ತಲೆಯಲ್ಲಿ ತಿರುಗುತ್ತಿತ್ತು.

ಮತ್ತೆ ಹತ್ತಿದಾಗ ಮೊದಲು ಕಂಡದ್ದು ಎದುರುಮನೆಯವನ ಮೂಗೇ. "ಬಂತವಾ" ಅಂದ. "ಎರಡೂ ಕಾಲು ತಂದ್ಲು. ಆಮ್ಯಾಲೆ ನಾ ಒಂದೀಟು ಎಳದೆ." ಎಳೆಯದೆ ಅವನಿಗೆ ಸಮಾಧಾನ ಇಲ್ಲ. ಇರಲಿ.

ಕೋಣಗರು. ಹುಲ್ಲಿನ ಮೇಲೆ ಒದ್ದೆಯಾಗಿ ಬಿದ್ದಿತ್ತು. ಎಮ್ಮೆ ಕತ್ತು ಚಾಚಿ ನೆಕ್ಕುತ್ತಿತ್ತು. ಸೊಸೆ ಗೋಡೆಗೆ ಒರಗಿ ಕೂತಿದ್ದಳು, ಬಲಗೈ ಭುಜದವರೆಗೆ ರಕ್ತ, ಎಡಗೈಯಲ್ಲಿ ಹಸಿರು ಬಳೆ. ನಾನು ಏನಾದರೂ ಒಳ್ಳೆಯ ಮಾತು ಅನ್ನಬೇಕಿತ್ತು. "ಕರುವಿನ ಮೂಗು ಒರಸು, ಸುಮ್ಮನ ಯಾಕ ಕುಂತಿ" ಅಂದೆ. ಅವಳು ಎದ್ದು ಒರೆಸಿದಳು.

ಊಟ ಮಾಡುತ್ತಿದ್ದವರು ಚಪ್ಪಾಳೆ ಹೊಡೆದರು. ನನಗೆ ಅನ್ನ ಹೋಗಲಿಲ್ಲ. ಬಟ್ಟೆಯ ಗಂಟಿನಲ್ಲಿ ಊರಿಂದ ತಂದಿದ್ದ ಒಣ ರೊಟ್ಟಿ, ಶೇಂಗಾ ಚಟ್ನಿ ತೆಗೆದು ಗೈಡಿಗೆ ಅರ್ಧ ಕೊಟ್ಟೆ. ಅವನು ತಿಂದು, ಕಣ್ಣಲ್ಲಿ ನೀರು ತರಿಸಿಕೊಂಡು, ಇದರೊಳಗೂ ಬೆಂಕಿ ಇದೆ ಅಂದ.

ಆಮೇಲೆ ಕೆರೆಗೆ ಇಳಿದೆವು. ಮಳೆ ನಿಂತು ಮಂಜು ಸರಿದಿತ್ತು. ಗುಡ್ಡ ಕಂಡಿತು. ನಮ್ಮ ಕಡೆಯ ಗುಡ್ಡ ಅಂದರೆ ಗುಂಡುಕಲ್ಲು ಒಂದರ ಮೇಲೊಂದು ಪೇರಿಸಿದ ಹಾಗೆ. ಇದು ಹಾಗಲ್ಲ. ದೊಡ್ಡ ಗಡಿಗೆ ಉಕ್ಕಿ, ಒಲೆಯ ಸುತ್ತ ಚೆಲ್ಲಿ, ಸೀದು ಕರ್ರಗಾದ ಅಂಬಲಿ ಇದ್ದಂತೆ. ಕೈ ಹಚ್ಚಿ ನೋಡಿದೆ. ಕಲ್ಲು ತೂತು ತೂತು, ಹಗುರ. ಕೆರೆ ಒಂದು ಕಡೆ ಹಸಿರು, ಒಂದು ಕಡೆ ಬೂದಿ ಬಣ್ಣ. ಅದರ ದಂಡೆಯ ಕರಿ ಮರಳಿನಲ್ಲಿ ಸಾಲು ಸಾಲಾಗಿ ಈರುಳ್ಳಿ ಹಾಕಿದ್ದರು. ಒಂದು ಕಾಲಕ್ಕೆ ಈ ಗುಡ್ಡದ ಬೆಂಕಿ ಹರಿದು ಬಂದು ಒಂದು ಊರನ್ನು ಮುಚ್ಚಿತ್ತಂತೆ. ಮತ್ತೆ ಯಾಕೆ ಇಲ್ಲೇ ಬಂದು ಕೂತಿದ್ದಾರೆ ಅಂತ ಕೇಳಿದೆ. ಈರುಳ್ಳಿ ಚೆನ್ನಾಗಿ ಬರುತ್ತದೆ ಅಮ್ಮಾಜಿ ಅಂದ ಗೈಡು. ಸರಿಯಾದ ಮಾತು.

ಆದರೆ ನನಗೆ ಕೂಡಲು ಆಗಲಿಲ್ಲ. ಕರು ಬಂದರೆ ಮುಗಿಯಲಿಲ್ಲ, ಮಾಸು ಬೀಳಬೇಕು. ಅದು ಒಳಗೇ ಉಳಿದು ಕೊಳೆತರೆ ಎಮ್ಮೆ ಹೋಗುತ್ತದೆ. ಹೆಂಗಸರು ಬಿಸಿನೀರಿನಲ್ಲಿ ಕಾಲು ಇಳಿಬಿಟ್ಟುಕೊಂಡು ಕರೆದರು. ನಾನು ಈರುಳ್ಳಿ ಸಾಲಿನ ಬದುವಿನ ಮೇಲೆ ಹೋಗುವುದು ಬರುವುದು ಮಾಡುತ್ತಿದ್ದೆ. ಆ ಹೊಲದವಳು, ನನ್ನಷ್ಟೇ ವಯಸ್ಸಿನವಳು, ಕಳೆ ಕೀಳುವುದು ಬಿಟ್ಟು ನನ್ನನ್ನೇ ನೋಡಿದಳು. ನಾನು ಅವಳ ಈರುಳ್ಳಿ ತುಳಿಯುತ್ತೇನೇನೋ ಅಂತ ಅವಳಿಗೆ ಭಯ.

ಬಸ್ಸು ಮತ್ತೆ ಮೇಲೆ ಬಂದಾಗ ಫೋನ್ ಹತ್ತಿತು.

"ಮಾಸು ಬಿತ್ತೇನು?"

"ಬಿತ್ರಿ. ಡಾಕ್ಟ್ರು ಬಂದು ನೋಡಿ ಹೋದ್ರು. ನಾಯಿ ಮುಟ್ಟದಂಗ ಹುಗದೀನಿ. ಎಮ್ಮಿಗೆ ಬೆಲ್ಲ, ಸಜ್ಜಿ ಕುದಿಸಿ ಇಟ್ಟೀನಿ. ಗಿಣ್ಣ ಹಿಂಡಿ ಕರುವಿಗೆ ಕುಡಿಸಿದೆ."

"ಯಾರು ಹಿಂಡಿದ್ರು?"

"ನಾನ ರೀ."

"ಒದೀಲಿಲ್ಲೇನು?"

"ಇಲ್ರಿ. ನಿಂತ್ಕೊಂತು."

ನಾನು ಫೋನನ್ನು ತಮ್ಮನಿಗೆ ಕೊಟ್ಟು ಕಿಟಕಿಗೆ ತಲೆ ಹಚ್ಚಿದೆ.

ಎರಡು ದಿನಕ್ಕೆ ಊರು ಮುಟ್ಟಿದೆ. ಚೀಲ ಇಳಿಸಿ ನೇರ ಕೊಟ್ಟಿಗೆಗೆ ಹೋದೆ. ಕರು ಚೆನ್ನಾಗಿತ್ತು, ಬಲಗಾಲು ಸ್ವಲ್ಪ ಎಳೆಯುತ್ತಿತ್ತು. ಚೊಂಬು ತೆಗೆದುಕೊಂಡು ಕೂತು ಕೆಚ್ಚಲಿಗೆ ಕೈ ಹಾಕಿದೆ. ಎಮ್ಮೆ ಹೊರಳಿ ನೋಡಿ ಒಂದು ಒದೆ ಕೊಟ್ಟಿತು. ಚೊಂಬು ಗೋಡೆಗೆ ಹೋಯಿತು. ಎರಡನೇ ಸಲವೂ ಅಷ್ಟೇ. ಹಾಲು ಮೇಲೆ ಏರಿಸಿಕೊಂಡು ನಿಂತಿತು.

ಸೊಸೆ ಬಾಗಿಲಲ್ಲಿ ನಿಂತಿದ್ದಳು. ಬಲಗೈ ಊದಿ ನೀಲಿಗಟ್ಟಿತ್ತು. ಅದಕ್ಕಿನ್ನೂ ಬಳೆ ಇಡಿಸಿಕೊಂಡಿರಲಿಲ್ಲ.

"ಅತ್ತೀ, ಒಂದೀಟು ಸರೀರಿ" ಅಂದಳು.

ಸರಿದೆ. ಅವಳು ಕೂತಳು. ಎಮ್ಮೆ ಸೊರೆ ಬಿಟ್ಟಿತು, ಹಾಲು ಇಳಿಯಿತು.

ಆ ದಿನದ ಒಂದು ಫೋಟೊವನ್ನು ಸಾಹೇಬ ತಮ್ಮನಿಗೆ ಕಳಿಸಿದ್ದ. ತಮ್ಮ ಅದನ್ನು ದೊಡ್ಡದಾಗಿ ಮಾಡಿಸಿ ಅಂಗಡಿಯಲ್ಲಿ ಹಾಕಿದ್ದಾನೆ. ಹಿಂದೆ ಮಂಜು ಅರ್ಧ ಸರಿದ ಗುಡ್ಡ. ನಾನು ಅದಕ್ಕೆ ಬೆನ್ನು ಕೊಟ್ಟು ನಿಂತಿದ್ದೇನೆ, ಕೈ ಮೇಲೆತ್ತಿ, ಬೆರಳು ಬಟ್ಟಲಿನ ಹಾಗೆ ಮಾಡಿಕೊಂಡು. ಅಂಗಡಿಗೆ ಬಂದವರು, "ನಿಮ್ಮಕ್ಕ ಅಂಗೈಯಾಗ ಗುಡ್ಡ ಹಿಡಿಯಾಕತ್ತಾಳೇನು?" ಅಂತ ಕೇಳುತ್ತಾರಂತೆ. ತಮ್ಮ ಹೂಂ ಅನ್ನುತ್ತಾನೆ.

ಈಗ ಬೆಳಿಗ್ಗೆ ಹಿಂಡುವವಳು ಸೊಸೆ. ನಾನು ಸೆಗಣಿ ಬಾಚುತ್ತೇನೆ. ಅರ್ಧ ಬಿಟ್ಟರೂ ಅವಳು ಏನೂ ಅನ್ನುವುದಿಲ್ಲ, ನಾನು ಒಳಗೆ ಹೋದ ಮೇಲೆ ತಾನೇ ಬಾಚುತ್ತಾಳೆ. ಅದು ನನಗೆ ಗೊತ್ತಾಗುತ್ತದೆ.